ಎತ್ತರವೇ ಕವಚವಾದೀತೆ? ಯು-2 ಬೇಹುಗಾರಿಕಾ ವಿಮಾನದ ಪತನ

1960ರ ಮೇ 1. ಮಾಸ್ಕೋದ ಕೆಂಪು ಚೌಕದಲ್ಲಿ ಕಾರ್ಮಿಕ ದಿನದ ಪಥಸಂಚಲನ ನಡೆಯುತ್ತಿತ್ತು. ವೇದಿಕೆಯ ಮೇಲಿದ್ದ ಸೋವಿಯತ್ ನಾಯಕ ನಿಕಿತಾ ಕ್ರುಶ್ಚೇವ್ ಅವರ ಬಳಿಗೆ ವಾಯುರಕ್ಷಣಾ ಪಡೆಯ ಮುಖ್ಯಸ್ಥ ಮಾರ್ಷಲ್ ಬಿರ್ಯುಜೋವ್ ಬಂದು ಕಿವಿಯಲ್ಲಿ ಸುದ್ದಿಯೊಂದನ್ನು ಹೇಳಿದರು. ಉರಾಲ್ ಪ್ರದೇಶದ ಸ್ವೆರ್ಡ್ಲೋವ್‌ಸ್ಕ್ (ಇಂದಿನ ಯೆಕಟೆರಿನ್‌ಬರ್ಗ್) ನಗರದ ಸಮೀಪ ಅಮೆರಿಕದ ವಿಮಾನವೊಂದನ್ನು ಕ್ಷಿಪಣಿಯಿಂದ ಹೊಡೆದುರುಳಿಸಲಾಗಿತ್ತು. ಅದು ಅಂದು ಮುಂಜಾನೆ ಪಾಕಿಸ್ತಾನದ ಪೆಷಾವರದಿಂದ ಹೊರಟಿತ್ತು. ಸೋವಿಯತ್ ಒಕ್ಕೂಟದ ಮೇಲೆ ದಕ್ಷಿಣದಿಂದ ಉತ್ತರಕ್ಕೆ ಹಾದು ನಾರ್ವೆಯ ಬೋಡೋ ಎಂಬಲ್ಲಿ ಇಳಿಯಬೇಕಿತ್ತು. ಒಟ್ಟು ಸುಮಾರು 6,100 ಕಿಲೋಮೀಟರ್ ದಾರಿ. ವಿಮಾನದ ಹೆಸರು ಯು-2, ಚಾಲಕ ಫ್ರಾನ್ಸಿಸ್ ಗ್ಯಾರಿ ಪವರ್ಸ್.

ಮುಂದಿನ ಎರಡು ವಾರಗಳಲ್ಲಿ ನಡೆದ ರಾಜತಾಂತ್ರಿಕ ಅನಾಹುತವನ್ನು ಇತಿಹಾಸದ ಪುಸ್ತಕಗಳು ವಿವರಿಸುತ್ತವೆ. ಆದರೆ ಅದರ ಬೇರುಗಳು ಭೌತವಿಜ್ಞಾನದಲ್ಲಿವೆ ಎಂಬುದು ಹೆಚ್ಚು ಪ್ರಚಾರಕ್ಕೆ ಬಂದಿಲ್ಲ. ಅಮೆರಿಕದ ಯೋಜಕರು ಎತ್ತರದ ಮೇಲೆ ಅಪಾರ ಭರವಸೆ ಇಟ್ಟಿದ್ದರು. ಅಷ್ಟು ಮೇಲೆ ಹಾರುವ ವಿಮಾನ ರೇಡಾರಿಗೆ ಕಾಣಿಸದು; ಕಾಣಿಸಿದರೂ ಕೈಗೆ ಸಿಗದು; ಸಿಕ್ಕರೂ ಅಷ್ಟು ಎತ್ತರದಿಂದ ಬಿದ್ದ ವಿಮಾನದಲ್ಲಾಗಲಿ ಚಾಲಕನಲ್ಲಾಗಲಿ ಗುರುತು ಹಿಡಿಯುವಂಥದ್ದೇನೂ ಉಳಿಯದು. ಈ ಮೂರೂ ಎಣಿಕೆಗಳು ಸುಳ್ಳಾದವು. ಅವುಗಳಲ್ಲಿ ಮೊದಲನೆಯದೂ ಮೂರನೆಯದೂ ಸುಳ್ಳೆಂದು ಕಾಣಲು ಪಿಯುಸಿ ಮಟ್ಟದ ಭೌತವಿಜ್ಞಾನವೇ ಸಾಕಿತ್ತು.

ತೆಳುಗಾಳಿಯಲ್ಲಿ ಹಾರಾಟ

1955ರ ಜುಲೈನಲ್ಲಿ ಜಿನೀವಾದಲ್ಲಿ ಅಧ್ಯಕ್ಷ ಐಸೆನ್‌ಹೋವರ್ ಒಂದು ಸಲಹೆ ಮುಂದಿಟ್ಟರು: ಎರಡೂ ದೇಶಗಳು ಪರಸ್ಪರರ ನೆಲದ ಮೇಲೆ ಹಾರಿ ಚಿತ್ರ ತೆಗೆಯಲು ಒಪ್ಪಿಕೊಳ್ಳಲಿ. ಕ್ರುಶ್ಚೇವ್ ಇದನ್ನು ಬೇಹುಗಾರಿಕೆಗೆ ಪರವಾನಗಿ ಎಂದು ತಳ್ಳಿಹಾಕಿದರು. ಒಪ್ಪಿಗೆಯಿಲ್ಲದೆಯೇ ಆ ಕೆಲಸ ಮಾಡಬಲ್ಲ ವಿಮಾನ ಅಷ್ಟರಲ್ಲಿ ಬಹುಮಟ್ಟಿಗೆ ಸಿದ್ಧವಾಗಿತ್ತು. ಲಾಕ್‌ಹೀಡ್ ಕಂಪನಿಯ ಕೆಲ್ಲಿ ಜಾನ್ಸನ್ ವಿನ್ಯಾಸಗೊಳಿಸಿದ ಯು-2 ಮರುತಿಂಗಳು, ಆಗಸ್ಟಿನಲ್ಲಿ, ಮೊದಲ ಬಾರಿ ಹಾರಿತು. ಅದನ್ನು ನಡೆಸುತ್ತಿದ್ದುದು ವಾಯುಪಡೆಯಲ್ಲ, ಬೇಹುಗಾರಿಕಾ ಸಂಸ್ಥೆಯಾದ ಸಿ.ಐ.ಎ.

ಯು-2ವನ್ನು ಎಂಜಿನ್ ಜೋಡಿಸಿದ ಗ್ಲೈಡರ್ ಎನ್ನಬಹುದು. ಉದ್ದ ಸುಮಾರು 15 ಮೀಟರ್. ರೆಕ್ಕೆಯ ತುದಿಯಿಂದ ತುದಿಗೆ 24 ಮೀಟರಿಗೂ ಹೆಚ್ಚು. ಪ್ರತಿಯೊಂದು ಕಿಲೋಗ್ರಾಮನ್ನೂ ಲೆಕ್ಕ ಹಾಕಿ ತೂಕ ಇಳಿಸಲಾಗಿತ್ತು. ಬಾಲದ ಭಾಗವನ್ನು ಒಡಲಿಗೆ ಸೇರಿಸಿದ್ದುದು ಮೂರೇ ಮೂರು ಬೋಲ್ಟುಗಳು. ಈ ವಿವರ ಮುಂದೆ ನಮಗೆ ಬೇಕಾಗುತ್ತದೆ.

ಇಷ್ಟೊಂದು ಜಿಪುಣತನ ಏಕೆ? ಸಮುದ್ರ ಮಟ್ಟದಿಂದ 21 ಕಿಲೋಮೀಟರ್ ಮೇಲೆ ಗಾಳಿಯ ಸಾಂದ್ರತೆ ಕೆಳಗಿನದರ ಹದಿನಾರನೇ ಒಂದು ಭಾಗದಷ್ಟು ಮಾತ್ರ. ರೆಕ್ಕೆಯ ಎತ್ತುವ ಬಲ ಗಾಳಿಯ ಸಾಂದ್ರತೆಗೂ ವೇಗದ ವರ್ಗಕ್ಕೂ ಅನುಪಾತದಲ್ಲಿರುತ್ತದೆ. ಸಾಂದ್ರತೆ 16 ಪಟ್ಟು ಕುಗ್ಗಿದರೆ, ಅದೇ ರೆಕ್ಕೆ ಅದೇ ಭಾರವನ್ನು ಹೊರಲು ವೇಗ 4 ಪಟ್ಟು ಹೆಚ್ಚಬೇಕು. ನೆಲದ ಬಳಿ ಗಂಟೆಗೆ 175 ಕಿಲೋಮೀಟರ್ ವೇಗಕ್ಕಿಂತ ಕೆಳಗಿಳಿದರೆ ಬೀಳುವ ವಿಮಾನವನ್ನು ಊಹಿಸಿಕೊಳ್ಳಿ. 21 ಕಿಲೋಮೀಟರ್ ಎತ್ತರದಲ್ಲಿ ಅದು ಗಂಟೆಗೆ 700 ಕಿಲೋಮೀಟರಿಗಿಂತ ನಿಧಾನವಾಗಿ ಹಾರುವಂತಿಲ್ಲ.

ಹಾಗಾದರೆ ಇನ್ನಷ್ಟು ವೇಗವಾಗಿ ಹಾರಬಹುದಲ್ಲ ಎಂದು ವಿದ್ಯಾರ್ಥಿಗಳು ಕೇಳಬಹುದು. ಅದಕ್ಕೂ ತಡೆಯಿದೆ. ಶಬ್ದದ ವೇಗ ಗಾಳಿಯ ತಾಪವನ್ನು ಅವಲಂಬಿಸಿದೆ. ನೆಲದ ಬಳಿ 15 ಡಿಗ್ರಿ ಸೆಲ್ಸಿಯಸ್‌ನಲ್ಲಿ ಅದು ಗಂಟೆಗೆ 1,225 ಕಿಲೋಮೀಟರ್. ಮೇಲಿನ ಮೈನಸ್ 55 ಡಿಗ್ರಿ ಚಳಿಯಲ್ಲಿ ಸುಮಾರು 1,060. ಯು-2ರಂಥ ನೇರ ರೆಕ್ಕೆಯ ವಿಮಾನ ಶಬ್ದವೇಗದ ಮುಕ್ಕಾಲು ಭಾಗವನ್ನು ಸಮೀಪಿಸುತ್ತಿದ್ದಂತೆ ರೆಕ್ಕೆಯ ಮೇಲೆ ಆಘಾತ ತರಂಗಗಳು ಹುಟ್ಟಿ ಇಡೀ ವಿಮಾನ ಅದುರತೊಡಗುತ್ತದೆ. ಹೀಗೆ ಮೇಲೇರಿದಂತೆ ಕೆಳಗಿನ ವೇಗಮಿತಿ ಏರುತ್ತದೆ, ಮೇಲಿನ ಮಿತಿ ಇಳಿಯುತ್ತದೆ. ಗರಿಷ್ಠ ಎತ್ತರದಲ್ಲಿ ಇವೆರಡರ ನಡುವೆ ಉಳಿಯುತ್ತಿದ್ದುದು ಗಂಟೆಗೆ ಹತ್ತಿಪ್ಪತ್ತು ಕಿಲೋಮೀಟರುಗಳ ಸಂದು ಮಾತ್ರ. ನಿಧಾನವಾದರೆ ಬೀಳುವುದು, ಜೋರಾದರೆ ಒಡೆಯುವುದು. ವೈಮಾನಿಕರು ಇದನ್ನು 'ಶವಪೆಟ್ಟಿಗೆಯ ಮೂಲೆ' ಎಂದು ಕರೆಯುತ್ತಿದ್ದರು. ಅದರೊಳಗೆ ಏಳೆಂಟು ಗಂಟೆ ಕುಳಿತು ಚಿತ್ರ ತೆಗೆಯಬೇಕಿತ್ತು.

ಒತ್ತಡ ಕಡಿಮೆಯಾದಂತೆ ದ್ರವದ ಕುದಿಬಿಂದು ಇಳಿಯುತ್ತದೆ ಎಂಬುದನ್ನು ಶಾಲೆಯಲ್ಲಿ ಕಲಿತಿದ್ದೇವೆ. ಸುಮಾರು 19 ಕಿಲೋಮೀಟರ್ ಎತ್ತರದಲ್ಲಿ ನೀರು 37 ಡಿಗ್ರಿಯಲ್ಲೇ, ಅಂದರೆ ನಮ್ಮ ಮೈಶಾಖದಲ್ಲೇ, ಕುದಿಯುತ್ತದೆ. ಆದ್ದರಿಂದ ಚಾಲಕರಿಗೆ ಮೈಯನ್ನು ಬಿಗಿಯಾಗಿ ಒತ್ತಿ ಹಿಡಿಯುವ ವಿಶೇಷ ಉಡುಪು ಬೇಕಾಯಿತು. ಸಾಮಾನ್ಯ ವಿಮಾನ ಇಂಧನವೂ ಅಲ್ಲಿ ಆವಿಯಾಗಿ ಹೋಗುತ್ತಿತ್ತು. ಶೆಲ್ ಕಂಪನಿ ಸುಲಭವಾಗಿ ಆವಿಯಾಗದ ಬೇರೊಂದು ಇಂಧನವನ್ನು ತಯಾರಿಸಿಕೊಟ್ಟಿತು. ಅದಕ್ಕೆ ಬೇಕಾದ ಪೆಟ್ರೋಲಿಯಂ ಉಪೋತ್ಪನ್ನ ಫ್ಲಿಟ್ ಕೀಟನಾಶಕಕ್ಕೂ ಬೇಕಾಗಿದ್ದುದರಿಂದ 1955ರಲ್ಲಿ ಅಮೆರಿಕದಲ್ಲಿ ಫ್ಲಿಟ್‌ಗೆ ಅಭಾವ ಉಂಟಾಯಿತಂತೆ. ನಮ್ಮ ಮನೆಗಳಲ್ಲಿ ಸೊಳ್ಳೆ, ತಿಗಣೆಗಳ ಮೇಲೆ ಫ್ಲಿಟ್ ಪಂಪು ಹೊಡೆದ ನೆನಪಿರುವ ಓದುಗರಿಗೆ ಈ ಸಂಬಂಧ ತಮಾಷೆಯಾಗಿ ಕಂಡೀತು.

ಕ್ಯಾಮೆರಾದ ವಿಷಯವೂ ಸ್ವಾರಸ್ಯಕರ. ಖಗೋಳಜ್ಞ ಜೇಮ್ಸ್ ಬೇಕರ್ ರೂಪಿಸಿದ ಮಸೂರದ ಸಂಗಮ ದೂರ 91 ಸೆಂಟಿಮೀಟರ್. 20 ಕಿಲೋಮೀಟರ್ ಎತ್ತರದಿಂದ ತೆಗೆದ ಚಿತ್ರ ನೆಲಕ್ಕಿಂತ ಸುಮಾರು 22,000 ಪಟ್ಟು ಚಿಕ್ಕದಾಗಿರುತ್ತದೆ. ಫಿಲ್ಮಿನ ಒಂದು ಮಿಲಿಮೀಟರಿನಲ್ಲಿ 100 ಗೆರೆಗಳನ್ನು ಬೇರೆಬೇರೆಯಾಗಿ ನೋಡಲು ಸಾಧ್ಯವಾದರೆ, ಒಂದು ಗೆರೆಯ ಅಗಲ ನೆಲದ ಮೇಲಿನ 22 ಸೆಂಟಿಮೀಟರಿಗೆ ಸಮ. ವಿಮಾನದ ಚಲನೆ, ಕಂಪನ, ಗಾಳಿಯ ಮಬ್ಬು ಇವೆಲ್ಲ ಸೇರಿ ಇದನ್ನು ಕೆಡಿಸುತ್ತವೆ. ವಾಸ್ತವವಾಗಿ ಮುಕ್ಕಾಲು ಮೀಟರಿನಷ್ಟು ದೊಡ್ಡ ವಸ್ತುಗಳನ್ನು ಗುರುತಿಸಬಹುದಾಗಿತ್ತು. ವಿಮಾನ ನಿಲ್ದಾಣದಲ್ಲಿ ಸಾಲಾಗಿ ನಿಂತ ಬಾಂಬರುಗಳನ್ನು ಎಣಿಸಲು ಇದು ಧಾರಾಳವಾಗಿ ಸಾಕು. ಸೋವಿಯತ್ ದೇಶದಲ್ಲಿ ಬಾಂಬರುಗಳ ಮಹಾಸೇನೆಯೇ ಇದೆ ಎಂದು ಅಮೆರಿಕದಲ್ಲಿ ಎದ್ದಿದ್ದ ಗುಲ್ಲು ಈ ಚಿತ್ರಗಳಿಂದಲೇ ಅಡಗಿತು.

ಕಾಣಿಸದೆ ಇರಲು ಸಾಧ್ಯವೆ?

ಎರಡನೇ ಮಹಾಯುದ್ಧದ ಕಾಲದ ರೇಡಾರುಗಳು ಇಷ್ಟು ಎತ್ತರದ ವಸ್ತುವನ್ನು ಹಿಡಿಯಲಾರವು ಎಂದು ಯೋಜಕರು ನಂಬಿದ್ದರು. ಆದರೆ ಹತ್ತು ವರ್ಷಗಳಲ್ಲಿ ಸೋವಿಯತ್ ಎಂಜಿನಿಯರುಗಳು ಸುಮ್ಮನೆ ಕುಳಿತಿರಲಿಲ್ಲ. ರೇಡಾರಿನ ಕಿರಣ ಬಹುಮಟ್ಟಿಗೆ ಸರಳರೇಖೆಯಲ್ಲಿ ಹೋಗುತ್ತದೆ. ಭೂಮಿ ಗುಂಡಗಿರುವುದರಿಂದ ದೂರದ ತಗ್ಗಿನ ವಸ್ತು ದಿಗಂತದ ಕೆಳಗೆ ಮರೆಯಾಗುತ್ತದೆ. ಎತ್ತರದಲ್ಲಿರುವ ವಸ್ತು ಎಷ್ಟು ದೂರದವರೆಗೆ ದಿಗಂತದ ಮೇಲಿರುತ್ತದೆ ಎಂಬುದನ್ನು ಪೈಥಾಗೊರಸ್ ಪ್ರಮೇಯದಿಂದಲೇ ಪಡೆಯಬಹುದು. ಭೂಮಿಯ ತ್ರಿಜ್ಯವನ್ನು ವಸ್ತುವಿನ ಎತ್ತರದಿಂದ ಗುಣಿಸಿ, ಎರಡರಿಂದ ಗುಣಿಸಿ, ವರ್ಗಮೂಲ ತೆಗೆಯಿರಿ. ಒಂದು ಕಿಲೋಮೀಟರ್ ಎತ್ತರದ ವಿಮಾನಕ್ಕೆ ಇದು 113 ಕಿಲೋಮೀಟರ್. 21 ಕಿಲೋಮೀಟರಿಗೆ 517. ವಾಯುಮಂಡಲ ರೇಡಿಯೊ ಅಲೆಗಳನ್ನು ತುಸು ಬಾಗಿಸುವುದರಿಂದ ವಾಸ್ತವದಲ್ಲಿ ಇವು ಸುಮಾರು 130 ಮತ್ತು 600 ಆಗುತ್ತವೆ. ಮೇಲೆ ಹೋದಷ್ಟೂ ವಿಮಾನ ಹೆಚ್ಚು ದೂರದಿಂದ ಕಾಣಿಸಿಕೊಳ್ಳುತ್ತದೆ! ಊರಾಚೆಯ ಗುಡಿಸಲು ಕಾಣದಿದ್ದರೂ ಗುಡ್ಡದ ಮೇಲಿನ ದೀಪ ಹತ್ತೂರಿಗೆ ಕಾಣುವುದಿಲ್ಲವೆ, ಹಾಗೆ. ದೂರ ಇಮ್ಮಡಿಯಾದರೆ ಮರಳಿ ಬರುವ ಸಂಕೇತ ಹದಿನಾರನೇ ಒಂದು ಭಾಗಕ್ಕೆ ಕುಗ್ಗುತ್ತದೆ ಎಂಬುದೇನೋ ನಿಜ. ಆದರೆ ಪ್ರಬಲ ಪ್ರೇಷಕವಿದ್ದರೆ ಅದು ಎಂಜಿನಿಯರಿಂಗ್ ಸಮಸ್ಯೆ ಮಾತ್ರ.

1956ರ ಜುಲೈ 4ರಂದು ಯು-2 ಮೊದಲ ಬಾರಿ ಸೋವಿಯತ್ ನೆಲದ ಮೇಲೆ ಹಾರಿ ಲೆನಿನ್‌ಗ್ರಾಡ್ ಕಡೆಗೆ ಹೋಯಿತು. ಆ ಹಾರಾಟವನ್ನೇ ರೇಡಾರುಗಳು ಹಿಂಬಾಲಿಸಿದವು. ಜುಲೈ 10ರಂದು ಸೋವಿಯತ್ ಸರಕಾರ ಪ್ರತಿಭಟನಾ ಪತ್ರ ಕಳಿಸಿತು. ಅಮೆರಿಕದ ಯಾವುದೇ ಸೇನಾ ವಿಮಾನ ಅಲ್ಲಿಗೆ ಹೋಗಿಲ್ಲ ಎಂದು ಉತ್ತರ ಬಂತು. ಸಿ.ಐ.ಎ. ಸೇನೆಯಲ್ಲವಾದ್ದರಿಂದ ಅಕ್ಷರಶಃ ಅದು ಸುಳ್ಳಲ್ಲ!

ಇಲ್ಲಿಂದ ವಿಚಿತ್ರವಾದ ಮೌನ ಶುರುವಾಯಿತು. ತನ್ನ ತಲೆಯ ಮೇಲೆ ಹಾರುವ ವಿಮಾನವನ್ನು ಮುಟ್ಟಲಾರೆ ಎಂದು ಜಗತ್ತಿನ ಮುಂದೆ ಒಪ್ಪಿಕೊಳ್ಳುವುದು ಕ್ರುಶ್ಚೇವ್‌ಗೆ ಬೇಕಿರಲಿಲ್ಲ. ಅಂತಾರಾಷ್ಟ್ರೀಯ ಒಪ್ಪಂದವನ್ನು ಮುರಿಯುತ್ತಿದ್ದೇವೆ ಎಂದು ಹೇಳಿಕೊಳ್ಳುವುದು ಅಮೆರಿಕಕ್ಕೂ ಬೇಕಿರಲಿಲ್ಲ. ನಾಲ್ಕು ವರ್ಷಗಳಲ್ಲಿ ಇಂಥ 24 ಹಾರಾಟಗಳು ನಡೆದವು. ರೇಡಾರಿನ ಅಲೆಗಳನ್ನು ಹೀರುವ ಲೇಪನವನ್ನೂ ಅಮೆರಿಕನ್ನರು ಪ್ರಯತ್ನಿಸಿದರು. ಅದರಿಂದ ತೂಕ ಹೆಚ್ಚಿ ವಿಮಾನ ಏರಬಲ್ಲ ಎತ್ತರವೇ ಕಡಿಮೆಯಾಯಿತು. ಲೇಪನ ಶಾಖವನ್ನು ತಡೆಹಿಡಿದು ಎಂಜಿನ್ ಕೆಟ್ಟು 1957ರಲ್ಲಿ ಒಬ್ಬ ಪರೀಕ್ಷಾ ಚಾಲಕ ಸತ್ತ.

ಕೈಗೆ ಎಟುಕದ ಎತ್ತರ

ಎರಡನೆಯ ನಂಬಿಕೆಗೆ ಕೆಲಕಾಲ ಆಧಾರವಿತ್ತು. ಆಗಿನ ಮಿಗ್ ಯುದ್ಧವಿಮಾನಗಳು ಅಷ್ಟು ಮೇಲೆ ನಿಂತು ಹಾರಲಾರವು. ಆದರೂ ಅವುಗಳ ಚಾಲಕರು ಕೆಳಗೆ ವೇಗ ಗಳಿಸಿ ಮೂತಿ ಎತ್ತಿ ಮೇಲಕ್ಕೆ ಚಿಮ್ಮುತ್ತಿದ್ದರು. ಚಲನ ಶಕ್ತಿ ಪ್ರಚ್ಛನ್ನ ಶಕ್ತಿಯಾಗುವ ಪಾಠ ಇದು. ಸೆಕೆಂಡಿಗೆ 300 ಮೀಟರ್ ವೇಗದ ವಿಮಾನ ಅದನ್ನೆಲ್ಲ ಎತ್ತರಕ್ಕೆ ಬದಲಿಸಿಕೊಂಡರೆ ಹೆಚ್ಚೆಂದರೆ 4.6 ಕಿಲೋಮೀಟರ್ ಏರೀತು. ಆದರೆ ಮೇಲೆ ತಲುಪಿದಾಗ ಕೈಯಲ್ಲಿ ವೇಗವೇ ಇಲ್ಲ. ವೇಗವಿಲ್ಲದಿದ್ದರೆ ತೆಳುಗಾಳಿಯಲ್ಲಿ ಚುಕ್ಕಾಣಿ ಕೆಲಸ ಮಾಡದು. ಎಸೆದ ಕಲ್ಲಿನಂತೆ ಮಿಗ್ ಕೆಳಗೆ ಉರುಳುತ್ತಿತ್ತು. ಯು-2 ಕ್ಯಾಮೆರಾಗಳೇ ಇಂಥ ವಿಫಲ ಮಿಗ್‌ಗಳ ಚಿತ್ರ ತೆಗೆದು ತಂದಿವೆ.

ಕ್ಷಿಪಣಿಯ ಕಥೆ ಬೇರೆ. ಜೆಟ್ ಎಂಜಿನ್ನಿಗೆ ಉಸಿರಾಡಲು ಗಾಳಿ ಬೇಕು, ರಾಕೆಟ್ಟಿಗೆ ಬೇಡ. ಅದು ಇಂಧನದ ಜೊತೆಗೆ ಉತ್ಕರ್ಷಕವನ್ನೂ ಹೊತ್ತೊಯ್ಯುತ್ತದೆ. ಗಾಳಿ ತೆಳುವಾದಷ್ಟೂ ಅದಕ್ಕೆ ತಡೆ ಕಡಿಮೆ. 1957ರಲ್ಲಿ ಸೇವೆಗೆ ಬಂದ ಸೋವಿಯತ್ ಎಸ್-75 ಕ್ಷಿಪಣಿ ಹತ್ತು ಮೀಟರಿಗೂ ಉದ್ದ, ಎರಡು ಟನ್ನಿಗೂ ಹೆಚ್ಚು ಭಾರ. ಶಬ್ದದ ಮೂರು ಪಟ್ಟು ವೇಗ. ಇದು ಗುರಿಗೆ ಡಿಕ್ಕಿ ಹೊಡೆಯಬೇಕಾಗಿಯೂ ಇಲ್ಲ. ಗುರಿಯ ಸಮೀಪ ಬಂದಾಗ ರೇಡಿಯೊ ಸಾಧನವೊಂದು ಸುಮಾರು 200 ಕಿಲೋಗ್ರಾಮ್ ತೂಕದ ಸಿಡಿತಲೆಯನ್ನು ಸ್ಫೋಟಿಸುತ್ತದೆ. ಚೂರುಗಳು ತೆಳುಗಾಳಿಯಲ್ಲಿ ವೇಗ ಕಳೆದುಕೊಳ್ಳದೆ ಬಹುದೂರ ಸಿಡಿಯುತ್ತವೆ. ಯು-2ಕ್ಕೆ ಕವಚವಾಗಿದ್ದ ತೆಳುಗಾಳಿ ಇಲ್ಲಿ ಎದುರಾಳಿಗೆ ನೆರವಾಯಿತು.

ಮುನ್ಸೂಚನೆ ಇಲ್ಲದಿರಲಿಲ್ಲ. 1959ರ ಅಕ್ಟೋಬರ್ 7ರಂದು ತೈವಾನಿನ ಎತ್ತರದ ಬೇಹು ವಿಮಾನವೊಂದನ್ನು ಬೀಜಿಂಗ್ ಬಳಿ ಇದೇ ಕ್ಷಿಪಣಿ ಉರುಳಿಸಿತ್ತು. ಚೀನಾ ಆಯುಧ ಯಾವುದೆಂದು ಬಾಯಿ ಬಿಡಲಿಲ್ಲ. ಸಮಯಕ್ಕೆ ಸರಿಯಾಗಿ ಪತ್ತೆಯಾದರೆ ಎಸ್-75 ಯು-2ವನ್ನು ಹೊಡೆಯುವ ಸಂಭವ ಹೆಚ್ಚು ಎಂದು 1960ರ ಮಾರ್ಚಿನಲ್ಲಿ ಅಮೆರಿಕದ ತಜ್ಞರೇ ಸಿ.ಐ.ಎ.ಗೆ ತಿಳಿಸಿದ್ದರು. ಆದರೂ ಏಪ್ರಿಲ್ 9ರಂದು ಒಂದು, ಮೇ 1ರಂದು ಇನ್ನೊಂದು ಹಾರಾಟ ನಡೆಯಿತು. ಮೇ 1 ರಜಾದಿನ. ಆಕಾಶದಲ್ಲಿ ಬೇರೆ ವಿಮಾನಗಳ ಸಂಚಾರ ತೀರ ಕಡಿಮೆ. ರೇಡಾರ್ ತೆರೆಯ ಮೇಲೆ ಒಂಟಿ ಚುಕ್ಕೆಯನ್ನು ಹಿಂಬಾಲಿಸುವುದು ಸುಲಭವಾಯಿತು.

ಕ್ಷಿಪಣಿ ಪವರ್ಸ್‌ನ ವಿಮಾನದ ಹಿಂದೆ ಸಿಡಿಯಿತು. ಬಾಲ ಕಳಚಿತು, ರೆಕ್ಕೆಗಳು ಮುರಿದವು. ಚೂರುಗಳು ರೇಡಾರ್ ತೆರೆಯನ್ನು ಗೊಂದಲಗೊಳಿಸಿದ್ದರಿಂದ ಕೆಳಗಿನವರಿಗೆ ಗುರಿ ಉರುಳಿದ್ದು ಬೇಗ ತಿಳಿಯಲಿಲ್ಲ. ಅವರು ಇನ್ನೂ ಕ್ಷಿಪಣಿಗಳನ್ನು ಹಾರಿಸಿದರು. ಅವುಗಳಲ್ಲಿ ಒಂದು ಯು-2ವನ್ನು ಅರಸುತ್ತಿದ್ದ ತಮ್ಮದೇ ಮಿಗ್-19ಕ್ಕೆ ಬಡಿದು ಸೆರ್ಗೈ ಸಫ್ರೊನೊವ್ ಎಂಬ ಯುವ ವೈಮಾನಿಕ ಸತ್ತ. ಈ ಸಾವನ್ನು ಸೋವಿಯತ್ ಸರಕಾರ ವರ್ಷಗಟ್ಟಲೆ ಮುಚ್ಚಿಟ್ಟಿತು.

ಬದುಕುಳಿದ ಸಾಕ್ಷಿ

ಇನ್ನು ಮೂರನೆಯ ನಂಬಿಕೆ. ಅಪಘಾತವಾದರೆ ವಿಮಾನ ಪುಡಿಪುಡಿಯಾಗುತ್ತದೆ, ಚಾಲಕ ಜೀವಂತವಾಗಿ ಸಿಗುವುದು ಅಸಂಭವ ಎಂದು ಐಸೆನ್‌ಹೋವರ್‌ಗೆ ಭರವಸೆ ಕೊಡಲಾಗಿತ್ತು. ನನ್ನ ಮಟ್ಟಿಗೆ ಇಡೀ ಪ್ರಸಂಗದಲ್ಲಿ ಕ್ಷಮಿಸಲಾಗದ ಎಣಿಕೆ ಇದೇ.

ಗಾಳಿಯೇ ಇಲ್ಲದಿದ್ದರೆ 21 ಕಿಲೋಮೀಟರ್ ಮೇಲಿನಿಂದ ಬಿದ್ದ ವಸ್ತು ಸೆಕೆಂಡಿಗೆ ಸುಮಾರು 640 ಮೀಟರ್ ವೇಗದಲ್ಲಿ ನೆಲಕ್ಕೆ ಅಪ್ಪಳಿಸಬೇಕು. ಆದರೆ ಬೀಳುವ ವಸ್ತುವಿನ ಮೇಲೆ ಗಾಳಿಯ ತಡೆ ಅದರ ತೂಕಕ್ಕೆ ಸಮನಾದಾಗ ವೇಗ ಹೆಚ್ಚುವುದು ನಿಲ್ಲುತ್ತದೆ. ಇದೇ ಅಂತಿಮ ವೇಗ. ನೆಲದ ಬಳಿ ಮನುಷ್ಯನಿಗೆ ಇದು ಸೆಕೆಂಡಿಗೆ ಸುಮಾರು 55 ಮೀಟರ್. 21 ಕಿಲೋಮೀಟರಿನಲ್ಲಿ, ಮೇಲೆ ಹೇಳಿದ ನಾಲ್ಕು ಪಟ್ಟು ಲೆಕ್ಕದಂತೆ, 220. ಕೆಳಗಿಳಿದು ಗಾಳಿ ದಟ್ಟವಾದಂತೆ ವೇಗ ತಾನಾಗಿಯೇ ತಗ್ಗಿ ಮತ್ತೆ 55ಕ್ಕೆ ಬರುತ್ತದೆ. ಮೂರು ಕಿಲೋಮೀಟರ್ ಮೇಲಿನಿಂದ ಬಿದ್ದರೂ ಇಪ್ಪತ್ತೊಂದು ಕಿಲೋಮೀಟರ್ ಮೇಲಿನಿಂದ ಬಿದ್ದರೂ ನೆಲ ಮುಟ್ಟುವ ವೇಗ ಒಂದೇ. ಹಗುರವಾದ ಅಗಲ ತುಂಡುಗಳು ಇನ್ನೂ ನಿಧಾನವಾಗಿ ಇಳಿಯುತ್ತವೆ. ಎತ್ತರ ಹೆಚ್ಚಿದಷ್ಟೂ ನಾಶ ಹೆಚ್ಚು ಎಂಬುದು ಕೇವಲ ಭ್ರಮೆ.

ಪ್ರಾಯೋಗಿಕ ಪುರಾವೆಯೂ ಇತ್ತು. ಅಮೆರಿಕದ ವಾಯುಪಡೆಯವನೇ ಆದ ಜೋಸೆಫ್ ಕಿಟಿಂಜರ್ 1959ರ ನವೆಂಬರ್ 16ರಂದು ಬೆಲೂನಿನಿಂದ 23.3 ಕಿಲೋಮೀಟರ್ ಎತ್ತರದಲ್ಲಿ, ಅಂದರೆ ಯು-2 ಹಾರುವುದಕ್ಕಿಂತ ಮೇಲಿನಿಂದ, ಜಿಗಿದಿದ್ದ. ಬೀಳುವಾಗ ಸುತ್ತಿ ಸುತ್ತಿ ಪ್ರಜ್ಞೆ ತಪ್ಪಿತು. ತಾನಾಗಿ ತೆರೆಯುವ ಪ್ಯಾರಾಚೂಟ್ ಅವನನ್ನು ಉಳಿಸಿತು. ಮರುತಿಂಗಳು ಅವನು ಮತ್ತೆ 22.8 ಕಿಲೋಮೀಟರಿನಿಂದ ಜಿಗಿದ. ವಾಯುಪಡೆಯ ಪ್ರಯೋಗಶಾಲೆಗೆ ಗೊತ್ತಿದ್ದ ಸಂಗತಿ ಆರು ತಿಂಗಳಾದರೂ ಅಧ್ಯಕ್ಷರ ಸಲಹೆಗಾರರ ಲೆಕ್ಕಕ್ಕೆ ಬರಲಿಲ್ಲ.

ಪವರ್ಸ್‌ಗೆ ಆದದ್ದೂ ಹೀಗೆಯೇ. ಮುರಿದ ವಿಮಾನ ತಲೆಕೆಳಗಾಗಿ ಗಿರಗಿರನೆ ಸುತ್ತುತ್ತ ಬೀಳುತ್ತಿತ್ತು. ಆಸನವನ್ನು ಸಿಡಿಸಿ ಹೊರಬರಲು ಹೋದರೆ ಕಾಲುಗಳು ತುಂಡಾಗುವ ಸ್ಥಿತಿ. ಮೇಲಿನ ಗಾಜಿನ ಮುಚ್ಚಳ ತೆರೆದ ಕೂಡಲೆ ಅವನು ಹೊರಕ್ಕೆ ಎಸೆಯಲ್ಪಟ್ಟ. ಆಮ್ಲಜನಕದ ಕೊಳವೆ ಇನ್ನೂ ವಿಮಾನಕ್ಕೆ ಅಂಟಿಕೊಂಡಿತ್ತು. ಸ್ಫೋಟಕದ ಗುಂಡಿ ಒತ್ತಲು ಕೈ ಎಟುಕಲಿಲ್ಲ. (ಆ ಸ್ಫೋಟಕವೂ ಕ್ಯಾಮೆರಾವನ್ನು ಕೆಡಿಸುವಷ್ಟು ಸಣ್ಣದು, ವಿಮಾನವನ್ನು ಇಲ್ಲವಾಗಿಸುವಂಥದ್ದಲ್ಲ.) ಕೊಳವೆ ಹರಿಯಿತು, ಸುಮಾರು 4.6 ಕಿಲೋಮೀಟರ್ ಎತ್ತರದಲ್ಲಿ ಪ್ಯಾರಾಚೂಟ್ ತಾನಾಗಿ ತೆರೆಯಿತು. ಹೊಲದಲ್ಲಿ ಇಳಿದವನನ್ನು ಹಳ್ಳಿಗರು ಹಿಡಿದುಕೊಟ್ಟರು. ಫಿಲ್ಮಿನ ಸುರುಳಿ ಸಹ ಸಿಕ್ಕಿತು.

ಅಮೆರಿಕ ಇದೇನನ್ನೂ ಅರಿಯದೆ ಮೊದಲೇ ಹೆಣೆದಿಟ್ಟ ಕಥೆಯನ್ನು ಬಿಡುಗಡೆ ಮಾಡಿತು. ಹವಾಮಾನ ಸಂಶೋಧನೆ ನಡೆಸುತ್ತಿದ್ದ ನಾಸಾ ವಿಮಾನವೊಂದು ಟರ್ಕಿಯ ವ್ಯಾನ್ ಸರೋವರದ ಬಳಿ ಕಾಣೆಯಾಗಿದೆ. ಚಾಲಕನಿಗೆ ಆಮ್ಲಜನಕದ ತೊಂದರೆಯಾಗಿತ್ತು ಎಂದು ಪ್ರಕಟಣೆ. ಮೇ 5ರಂದು ಕ್ರುಶ್ಚೇವ್ ವಿಮಾನವನ್ನು ಉರುಳಿಸಿದೆವು ಎಂದಷ್ಟೇ ಹೇಳಿ ಚಾಲಕನ ಸುದ್ದಿಯನ್ನು ಬೇಕೆಂದೇ ಬಚ್ಚಿಟ್ಟರು. ನಾಸಾ ಇನ್ನಷ್ಟು ವಿವರಗಳನ್ನು ಕೊಟ್ಟಿತು. ನಾಸಾ ಬಣ್ಣ ಬಳಿದ ಯು-2 ಒಂದನ್ನು ಪತ್ರಕರ್ತರಿಗೆ ತೋರಿಸಲಾಯಿತು. ಮೇ 7ರಂದು ಕ್ರುಶ್ಚೇವ್ ಚಾಲಕ ಜೀವಂತ ಇದ್ದಾನೆ, ಎಲ್ಲವನ್ನೂ ಹೇಳಿದ್ದಾನೆ ಎಂದು ಘೋಷಿಸಿದರು. ಮೇ 11ರಂದು ಐಸೆನ್‌ಹೋವರ್ ಹೊಣೆಯನ್ನು ತಾವೇ ಹೊತ್ತರು. ಶಾಂತಿಕಾಲದಲ್ಲಿ ದೇಶವೊಂದರ ಮುಖ್ಯಸ್ಥ ಬೇಹುಗಾರಿಕೆಯನ್ನು ಬಹಿರಂಗವಾಗಿ ಒಪ್ಪಿಕೊಂಡದ್ದು ಬಹು ಅಪರೂಪ.

ವಿಮಾನ ಬಿದ್ದದ್ದಕ್ಕಿಂತ ಈ ಕಥೆ ಬಿದ್ದದ್ದೇ ಹೆಚ್ಚು ಹಾನಿ ಮಾಡಿತು ಎಂದು ನನ್ನ ಅಭಿಪ್ರಾಯ. ನಾಲ್ಕು ವರ್ಷ ಎರಡೂ ಕಡೆಯವರಿಗೆ ಮೌನ ಅನುಕೂಲವಾಗಿತ್ತು. ಸಾಕ್ಷಿ ಬದುಕಿದ್ದರಿಂದ ಆ ಅನುಕೂಲ ಮುಗಿಯಿತು.

ಪ್ಯಾರಿಸಿನಲ್ಲಿ ಕಳೆದುಹೋದದ್ದು

ಮೇ 16ರಂದು ಪ್ಯಾರಿಸಿನಲ್ಲಿ ಐಸೆನ್‌ಹೋವರ್, ಕ್ರುಶ್ಚೇವ್, ಬ್ರಿಟನ್ನಿನ ಮ್ಯಾಕ್‌ಮಿಲನ್ ಮತ್ತು ಫ್ರಾನ್ಸಿನ ದ ಗಾಲ್ ಸೇರುವ ಶೃಂಗಸಭೆ ಮೊದಲೇ ನಿಗದಿಯಾಗಿತ್ತು. ಕ್ರುಶ್ಚೇವ್ ಕ್ಷಮಾಪಣೆ ಕೇಳಿದರು. ಹಾರಾಟಗಳನ್ನು ನಿಲ್ಲಿಸಲಾಗಿದೆ ಎಂದರೇ ಹೊರತು ಐಸೆನ್‌ಹೋವರ್ ಕ್ಷಮೆ ಕೋರಲಿಲ್ಲ. ಸಭೆ ಮುರಿಯಿತು. ಅವರ ಸೋವಿಯತ್ ಪ್ರವಾಸವೂ ರದ್ದಾಯಿತು.

ಸಭೆಯ ಮುಂದೆ ಏನಿತ್ತೆಂಬುದು ವಿಜ್ಞಾನದ ಓದುಗರಿಗೆ ಮುಖ್ಯ. ಪರಮಾಣು ಪರೀಕ್ಷೆಗಳ ನಿಷೇಧದ ಮಾತುಕತೆ ಆಗ ಬಹಳ ಮುಂದುವರಿದಿತ್ತು. ತೊಡಕಾಗಿದ್ದುದು ಭೂಕಂಪ ವಿಜ್ಞಾನದ ಒಂದು ಪ್ರಶ್ನೆ: ನೆಲದಡಿಯ ಸಣ್ಣ ಸ್ಫೋಟವನ್ನು ಸಹಜ ಭೂಕಂಪದಿಂದ ಬೇರ್ಪಡಿಸಿ ಗುರುತಿಸುವುದು ಹೇಗೆ? ಭೂಕಂಪಮಾನದಲ್ಲಿ 4.75ಕ್ಕಿಂತ ಹೆಚ್ಚಿನ ಕಂಪನ ಉಂಟುಮಾಡುವ ಎಲ್ಲ ಪರೀಕ್ಷೆಗಳನ್ನೂ ನಿಷೇಧಿಸೋಣ ಎಂದು 1960ರ ಫೆಬ್ರವರಿಯಲ್ಲಿ ಅಮೆರಿಕ ಸೂಚಿಸಿತ್ತು. ಅದಕ್ಕಿಂತ ಚಿಕ್ಕವನ್ನು ಸ್ವಯಂಪ್ರೇರಣೆಯಿಂದ ನಿಲ್ಲಿಸುವುದಾದರೆ ಒಪ್ಪಿಗೆ ಎಂದು ಮಾರ್ಚಿನಲ್ಲಿ ಸೋವಿಯತ್ ಕಡೆ ಹೇಳಿತ್ತು. ಅಂತರ ಕಿರಿದಾಗಿತ್ತು. ಪ್ಯಾರಿಸಿನ ಬಳಿಕ ಆ ಅವಕಾಶ ತಪ್ಪಿತು. 1963ರಲ್ಲಿ ಸಹಿಯಾದ ಒಪ್ಪಂದ ವಾಯುಮಂಡಲ, ಬಾಹ್ಯಾಕಾಶ ಮತ್ತು ನೀರಿನಡಿಯ ಪರೀಕ್ಷೆಗಳನ್ನು ಮಾತ್ರ ನಿಷೇಧಿಸಿತು. ಭೂಗತ ಪರೀಕ್ಷೆಗಳು ದಶಕಗಳ ಕಾಲ ನಡೆದವು.

ನೆಲ ಕೊಟ್ಟ ದೇಶಗಳಿಗೂ ಬಿಸಿ ತಟ್ಟಿತು. ಪೆಷಾವರದ ಸುತ್ತ ನಕ್ಷೆಯಲ್ಲಿ ಕೆಂಪು ವೃತ್ತ ಎಳೆದಿದ್ದೇವೆ ಎಂದು ಕ್ರುಶ್ಚೇವ್ ಪಾಕಿಸ್ತಾನಕ್ಕೆ ಎಚ್ಚರಿಕೆ ಕೊಟ್ಟರು. ಭಾರತವೂ ಈ ಕಥೆಯಿಂದ ಪೂರ್ತಿ ಹೊರಗಿಲ್ಲ. 1962ರ ಚೀನಾ ಯುದ್ಧದ ಸಮಯದಲ್ಲಿ ಗಡಿ ಪ್ರದೇಶದ ಚಿತ್ರ ತೆಗೆಯಲು ಯು-2 ಹಾರಾಟಗಳಿಗೆ ನೆಹರೂ ಒಪ್ಪಿದ್ದರು. ಒಡಿಶಾದ ಚಾರ್ಬಾತಿಯಾ ನೆಲೆಯಿಂದ 1964ರ ಮೇ ತಿಂಗಳಲ್ಲಿ ಯು-2 ಹಾರಿತು. 2013ರಲ್ಲಿ ಸಿ.ಐ.ಎ. ದಾಖಲೆಗಳು ಹೊರಬಂದಾಗ ಇದು ಎಲ್ಲರಿಗೂ ತಿಳಿಯಿತು.

ಪವರ್ಸ್‌ಗೆ ಮಾಸ್ಕೋದಲ್ಲಿ 1960ರ ಆಗಸ್ಟ್ 19ರಂದು ಹತ್ತು ವರ್ಷಗಳ ಶಿಕ್ಷೆಯಾಯಿತು. ಕಾಕತಾಳೀಯವೆಂಬಂತೆ ಅದೇ ದಿನ ಅಮೆರಿಕದ ಕರೋನಾ ಯೋಜನೆಯ ಉಪಗ್ರಹದಿಂದ ಬಿದ್ದ ಫಿಲ್ಮಿನ ಕರಂಡಕವನ್ನು ವಿಮಾನವೊಂದು ಪೆಸಿಫಿಕ್ ಸಾಗರದ ಮೇಲೆ ಗಾಳಿಯಲ್ಲೇ ಹಿಡಿಯಿತು. ಆ ಒಂದು ಸುರುಳಿಯಲ್ಲಿ ಯು-2ರ ಎಲ್ಲ ಸೋವಿಯತ್ ಹಾರಾಟಗಳಿಗಿಂತ ಹೆಚ್ಚು ಭೂಭಾಗದ ಚಿತ್ರವಿತ್ತು, ಸ್ಪಷ್ಟತೆ ಮಾತ್ರ ಬಹಳ ಕಡಿಮೆ. ದೇಶದ ಸಾರ್ವಭೌಮತ್ವ ಅದರ ವಾಯುಪ್ರದೇಶಕ್ಕೂ ವ್ಯಾಪಿಸುತ್ತದೆ ಎಂದು 1944ರ ಷಿಕಾಗೊ ಒಪ್ಪಂದ ಹೇಳುತ್ತದೆ. ಉಪಗ್ರಹದ ಕಕ್ಷೆಗೆ ಅದು ಅನ್ವಯಿಸದು. 1957ರಲ್ಲಿ ಸ್ಪುಟ್ನಿಕ್ ಎಲ್ಲ ದೇಶಗಳ ಮೇಲೂ ಹಾದುಹೋದಾಗ ಯಾರೂ ಪ್ರತಿಭಟಿಸಿರಲಿಲ್ಲ. ಪವರ್ಸ್‌ನನ್ನು 1962ರ ಫೆಬ್ರವರಿಯಲ್ಲಿ ಬರ್ಲಿನ್ ಬಳಿಯ ಸೇತುವೆಯೊಂದರ ಮೇಲೆ ಸೋವಿಯತ್ ಗೂಢಚಾರ ರುಡಾಲ್ಫ್ ಅಬೆಲ್‌ಗೆ ಬದಲಾಗಿ ಬಿಡುಗಡೆ ಮಾಡಲಾಯಿತು.

ಒಂದೇ ದಿನ ಎರಡು ವಿಮಾನ

ಅದೇ ವರ್ಷದ ಅಕ್ಟೋಬರಿನಲ್ಲಿ ಕ್ಯೂಬಾದಲ್ಲಿ ಸೋವಿಯತ್ ಪರಮಾಣು ಕ್ಷಿಪಣಿಗಳು ಇರುವುದನ್ನು ಪತ್ತೆ ಹಚ್ಚಿದ್ದು ಯು-2 ಚಿತ್ರಗಳೇ. ಅಕ್ಟೋಬರ್ 27ರಂದು ಬಿಕ್ಕಟ್ಟು ತುತ್ತತುದಿಗೆ ಏರಿದ್ದಾಗ ಎಸ್-75 ಕ್ಷಿಪಣಿ ಕ್ಯೂಬಾದ ಮೇಲೆ ಯು-2 ಒಂದನ್ನು ಉರುಳಿಸಿತು. ಮೇಜರ್ ರುಡಾಲ್ಫ್ ಆಂಡರ್ಸನ್ ಸತ್ತರು. ಅದೇ ದಿನ ಇನ್ನೊಂದು ಯು-2 ಸಾವಿರಾರು ಕಿಲೋಮೀಟರ್ ಆಚೆ ದಾರಿ ತಪ್ಪಿತು. ಸೋವಿಯತ್ ಪರಮಾಣು ಪರೀಕ್ಷೆಗಳ ದೂಳನ್ನು ಸಂಗ್ರಹಿಸಲು ಚಾರ್ಲ್ಸ್ ಮಾಲ್ಟ್ಸ್‌ಬಿ ಅಲಾಸ್ಕದಿಂದ ಉತ್ತರ ಧ್ರುವಕ್ಕೆ ಹೋಗಿದ್ದ. ಧ್ರುವದ ಬಳಿ ಕಾಂತಸೂಜಿಯನ್ನು ನಂಬುವಂತಿಲ್ಲ. ನಕ್ಷತ್ರಗಳನ್ನು ನೋಡಿಯೇ ದಿಕ್ಕು ತಿಳಿಯಬೇಕು. ಆದರೆ ಆಕಾಶದ ತುಂಬ ಧ್ರುವಜ್ಯೋತಿ ಕುಣಿಯುತ್ತಿತ್ತು. ಸೂರ್ಯನಿಂದ ಬಂದ ವಿದ್ಯುದಾವಿಷ್ಟ ಕಣಗಳ ಆ ಬೆಳಕಿನಲ್ಲಿ ನಕ್ಷತ್ರಗಳ ಗುರುತು ಸಿಗದೆ ಅವನು ಸೈಬೀರಿಯದ ಚುಕೋಟ್ಕದ ಮೇಲೆ ಬಂದುಬಿಟ್ಟ. ಮಿಗ್‌ಗಳು ಬೆನ್ನುಹತ್ತಿದವು, ಅಲಾಸ್ಕದಿಂದ ಪರಮಾಣು ಸಿಡಿತಲೆಯ ಕ್ಷಿಪಣಿ ಹೊತ್ತ ವಿಮಾನಗಳು ಎದುರಾಗಿ ಹೊರಟವು. ಇಂಧನ ಮುಗಿದ ಯು-2 ತನ್ನ ಉದ್ದ ರೆಕ್ಕೆಗಳ ಮೇಲೆ ತೇಲಿಕೊಂಡು ಅಲಾಸ್ಕ ತಲುಪಿತು. ಜಗತ್ತು ಅಂದು ಸುಳ್ಳು ಹೇಳಿದವರಿಂದಲ್ಲ, ಸೌರಕಣಗಳಿಂದ ಗಂಡಾಂತರಕ್ಕೆ ಬಂದಿತ್ತು.

ಹವಾಮಾನ ಸಂಶೋಧನೆ ಎಂಬ ಸೋಗು

ವಿಜ್ಞಾನದ ಹೆಸರನ್ನು ಹೊದಿಕೆಯಾಗಿ ಬಳಸಿದ್ದು ಅಧ್ಯಾಪಕನಾದ ನನಗೆ ಇಂದಿಗೂ ಕಿರಿಕಿರಿ ಮಾಡುತ್ತದೆ. ಒಮ್ಮೆ ಹೀಗಾದರೆ ನಿಜವಾದ ಹವಾಮಾನ ವಿಜ್ಞಾನಿಯನ್ನೂ ಜನ ಅನುಮಾನದಿಂದ ನೋಡುತ್ತಾರೆ. ಆದರೆ ಈ ಸುಳ್ಳು ಮುಂದೆ ನಿಜವಾಯಿತು ಎಂಬುದು ಸೋಜಿಗ. ನಾಸಾ ನಿಜವಾಗಿಯೂ ಯು-2ಗಳನ್ನು ಪಡೆದು ಸಂಶೋಧನೆಗೆ ಇಳಿಸಿತು. ಅಷ್ಟು ಎತ್ತರದಲ್ಲಿ ನೀರಾವಿ ಇಲ್ಲವೆನ್ನುವಷ್ಟು ಕಡಿಮೆ. ಇದನ್ನು ಬಳಸಿಕೊಂಡು 1977ರಲ್ಲಿ ಜಾರ್ಜ್ ಸ್ಮೂಟ್ ಮತ್ತು ಸಂಗಡಿಗರು ವಿಶ್ವದ ಹಿನ್ನೆಲೆ ಸೂಕ್ಷ್ಮತರಂಗ ವಿಕಿರಣ ಒಂದು ದಿಕ್ಕಿನಲ್ಲಿ ಅತಿ ಸ್ವಲ್ಪ ಬೆಚ್ಚಗೆ, ಎದುರು ದಿಕ್ಕಿನಲ್ಲಿ ಅತಿ ಸ್ವಲ್ಪ ತಣ್ಣಗೆ ಇರುವುದನ್ನು ಅಳೆದು, ಆ ವಿಕಿರಣಕ್ಕೆ ಸಾಪೇಕ್ಷವಾಗಿ ನಾವು ಸೆಕೆಂಡಿಗೆ ಸುಮಾರು 390 ಕಿಲೋಮೀಟರ್ ವೇಗದಲ್ಲಿ ಚಲಿಸುತ್ತಿದ್ದೇವೆ ಎಂದು ತೋರಿಸಿದರು. 1987ರಲ್ಲಿ ಯು-2ರ ಸಂಶೋಧನಾ ರೂಪವಾದ ಇಆರ್-2 ಚಿಲಿಯ ಪುಂಟಾ ಅರೇನಾಸ್‌ನಿಂದ ಅಂಟಾರ್ಕ್ಟಿಕದ ಓಝೋನ್ ರಂಧ್ರದೊಳಕ್ಕೇ ಹಾರಿತು. ಕ್ಲೋರಿನ್ ಮಾನಾಕ್ಸೈಡ್ ಏರಿದಲ್ಲೆಲ್ಲ ಓಝೋನ್ ಇಳಿದಿರುವುದನ್ನು ಅದರ ಉಪಕರಣಗಳು ದಾಖಲಿಸಿದವು. ರಂಧ್ರಕ್ಕೆ ನಮ್ಮ ಕ್ಲೋರೋಫ್ಲೋರೋಕಾರ್ಬನ್ನುಗಳೇ ಕಾರಣ ಎಂಬುದಕ್ಕೆ ಅದಕ್ಕಿಂತ ಗಟ್ಟಿ ಸಾಕ್ಷ್ಯ ಬೇಕಿರಲಿಲ್ಲ.

ಹಳೆಯ ಸೋಗು ಮಾತ್ರ ಮರೆಯಾಗಲಿಲ್ಲ. 2023ರ ಜನವರಿ ಕೊನೆಯಲ್ಲಿ ಸುಮಾರು 60 ಮೀಟರ್ ಎತ್ತರದ ಚೀನಾ ಬೆಲೂನೊಂದು ಅಮೆರಿಕದ ಮೇಲೆ ತೇಲಿಬಂತು. ಅದು ದಾರಿ ತಪ್ಪಿದ ಹವಾಮಾನ ಸಂಶೋಧನಾ ಬೆಲೂನು ಎಂದು ಚೀನಾ ಹೇಳಿತು. ಅದು ತೇಲುತ್ತಿದ್ದುದು 18ರಿಂದ 20 ಕಿಲೋಮೀಟರ್ ಎತ್ತರದಲ್ಲಿ. ಅದಕ್ಕಿಂತಲೂ ಮೇಲೆ ಹಾರಿ ಅದರ ಚಿತ್ರ ತೆಗೆದ ವಿಮಾನ ಯಾವುದು ಎಂದರೆ, ಯು-2. ಫೆಬ್ರವರಿ 4ರಂದು ದಕ್ಷಿಣ ಕೆರೊಲಿನಾ ತೀರದಾಚೆ ಎಫ್-22 ವಿಮಾನವೊಂದು ಕ್ಷಿಪಣಿಯಿಂದ ಬೆಲೂನನ್ನು ಒಡೆಯಿತು. ಉಪಕರಣಗಳು ಸುಮಾರು 14 ಮೀಟರ್ ಆಳದ ನೀರಿಗೆ ಬಿದ್ದವು. ಅವನ್ನು ಮೇಲೆತ್ತಿ ಪರೀಕ್ಷೆಗೆ ಒಯ್ಯಲಾಯಿತು. ಅಮೆರಿಕದ ವಿದೇಶಾಂಗ ಕಾರ್ಯದರ್ಶಿ ಆಂಟನಿ ಬ್ಲಿಂಕೆನ್ ಬೀಜಿಂಗ್ ಪ್ರವಾಸವನ್ನು ಮುಂದೂಡಿದರು. ಅವರು ಅಲ್ಲಿಗೆ ಹೋದದ್ದು ಜೂನ್ ತಿಂಗಳಲ್ಲಿ.